ಯುದ್ಧ ಬೇಡ ಎಂದ ನಾರ್ವೆಗೆ ಯುದ್ಧ ಬಂದದ್ದು ಹೇಗೆ?

ಉಕ್ರೇನ್ ಯುದ್ಧ ನಿಲ್ಲಿಸುವ ಮಾತುಕತೆ ಶುರುವಾದಾಗಲೆಲ್ಲ ರಷ್ಯಾ ಕಡೆಯಿಂದ ಒಂದು ಬೇಡಿಕೆ ತಪ್ಪದೆ ಬರುತ್ತದೆ. ಉಕ್ರೇನ್ ತಟಸ್ಥವಾಗಿರಬೇಕು, ಅಮೆರಿಕ ಮತ್ತು ಯುರೋಪ್ ದೇಶಗಳ ಸೇನಾ ಕೂಟವಾದ ನೇಟೋ ಸೇರಬಾರದು. ಇದರಲ್ಲಿ ತಪ್ಪೇನಿದೆ ಎಂದು ಅನಿಸುವುದು ಸಹಜ. ಯಾರ ಕಡೆಗೂ ಸೇರದೆ ತನ್ನ ಪಾಡಿಗೆ ತಾನಿದ್ದರೆ ಆ ದೇಶದ ಸುದ್ದಿಗೆ ಯಾರು ಹೋಗುತ್ತಾರೆ, ಅಲ್ವಾ?

ಹೋಗುತ್ತಾರೆ. 1940ರ ಏಪ್ರಿಲ್ 9ರ ನಸುಕಿನಲ್ಲಿ ಜರ್ಮನಿ ನಾರ್ವೆಯ ಮೇಲೆ ಬಿತ್ತು. ಆಗ ನಾರ್ವೆ ಯಾರ ಪಕ್ಷದಲ್ಲೂ ಇರಲಿಲ್ಲ. ದಕ್ಷಿಣದ ಓಸ್ಲೋದಿಂದ ದೂರದ ಉತ್ತರದ ನಾರ್ವಿಕ್‌ವರೆಗೆ, ಸಾವಿರ ಕಿಲೋಮೀಟರಿಗೂ ಜಾಸ್ತಿ ಉದ್ದದ ಕರಾವಳಿಯ ಮುಖ್ಯ ಬಂದರುಗಳಿಗೆಲ್ಲ ಒಂದೇ ಹೊತ್ತಿಗೆ ಜರ್ಮನ್ ಹಡಗುಗಳು ನುಗ್ಗಿದವು.

ಅನಿರೀಕ್ಷಿತ ದಾಳಿ ಎಂದರೆ ನಮಗೆ ಮೊದಲು ನೆನಪಾಗುವುದು ಅಮೆರಿಕದ ನೌಕಾನೆಲೆ ಪರ್ಲ್ ಹಾರ್ಬರ್ ಮೇಲೆ ಜಪಾನ್ ಮಾಡಿದ ದಾಳಿ. ಆದರೆ 1941ರ ಡಿಸೆಂಬರ್ ಹೊತ್ತಿಗೆ ಅಮೆರಿಕ ತಟಸ್ಥವಾಗಿದ್ದದ್ದು ಹೆಸರಿಗೆ ಮಾತ್ರ. ಬ್ರಿಟನ್ನಿಗೆ ಶಸ್ತ್ರಾಸ್ತ್ರ ಕೊಡುತ್ತಿತ್ತು, ಜಪಾನಿಗೆ ಹೋಗುವ ತೈಲ ನಿಲ್ಲಿಸಿತ್ತು. ನಾರ್ವೆಯ ಕಥೆ ಹಾಗಲ್ಲ. ಅದು ನಿಜವಾಗಿಯೂ ಈ ಯುದ್ಧದಿಂದ ದೂರ ಉಳಿಯಬೇಕು ಎಂದುಕೊಂಡಿತ್ತು. ಹಾಗಾಗಿ ತಟಸ್ಥತೆ ಎಂಬುದು ಎಷ್ಟರಮಟ್ಟಿಗೆ ಕೆಲಸ ಮಾಡುತ್ತದೆ ಎಂದು ನೋಡಲು ಪರ್ಲ್ ಹಾರ್ಬರಿಗಿಂತ ನಾರ್ವೆಯೇ ಒಳ್ಳೆಯ ಉದಾಹರಣೆ.

ಅದಿರು ಮತ್ತು ಮಂಜುಗಡ್ಡೆ

ಜರ್ಮನಿಗೆ ನಾರ್ವೆಯ ಮೇಲೆ ಹಳೆಯ ದ್ವೇಷವೇನೂ ಇರಲಿಲ್ಲ. ಅದಕ್ಕೆ ಬೇಕಿದ್ದದ್ದು ಪಕ್ಕದ ಸ್ವೀಡನ್‌ನ ಕಬ್ಬಿಣದ ಅದಿರು. ಉತ್ತರ ಸ್ವೀಡನ್‌ನ ಕಿರುನಾ, ಯೆಲ್ಲಿವಾರೆ ಗಣಿಗಳಲ್ಲಿ ಒಳ್ಳೆ ದರ್ಜೆಯ ಅದಿರಿತ್ತು. ಜರ್ಮನಿಯ ಉಕ್ಕಿನ ಕಾರ್ಖಾನೆಗಳು ವರ್ಷಕ್ಕೆ ಸುಮಾರು 1 ಕೋಟಿ ಟನ್ ಅದಿರನ್ನು ಸ್ವೀಡನ್ನಿಂದ ತರಿಸಿಕೊಳ್ಳುತ್ತಿದ್ದವು.

ಬೇಸಿಗೆಯಲ್ಲಿ ಈ ಅದಿರು ಸ್ವೀಡನ್‌ನದೇ ಬಂದರಾದ ಲುಲಿಯೋದಿಂದ ಹೊರಡುತ್ತಿತ್ತು. ಚಳಿಗಾಲದಲ್ಲಿ ಆ ಕಡಲು ಹೆಪ್ಪುಗಟ್ಟಿಬಿಡುತ್ತದೆ. ಆಗ ಅದಿರು ರೈಲಿನಲ್ಲಿ ಗಡಿ ದಾಟಿ ನಾರ್ವೆಯ ನಾರ್ವಿಕ್ ಬಂದರಿಗೆ ಬರುತ್ತಿತ್ತು. ನಾರ್ವಿಕ್ ಇನ್ನೂ ಉತ್ತರಕ್ಕಿದೆ, ಆದರೆ ಅಟ್ಲಾಂಟಿಕ್‌ನ ಬೆಚ್ಚಗಿನ ಪ್ರವಾಹದಿಂದಾಗಿ ಅಲ್ಲಿ ನೀರು ಹೆಪ್ಪುಗಟ್ಟುವುದಿಲ್ಲ. ಅಲ್ಲಿಂದ ಹಡಗುಗಳು ನಾರ್ವೆಯ ಕರಾವಳಿಯನ್ನೇ ತಬ್ಬಿಕೊಂಡು, ತಟಸ್ಥ ದೇಶದ ನೀರಿನೊಳಗೇ ಜರ್ಮನಿಯ ಕಡೆಗೆ ಇಳಿಯುತ್ತಿದ್ದವು. ಅಲ್ಲಿ ಬ್ರಿಟಿಷ್ ನೌಕಾಪಡೆ ಅವುಗಳನ್ನು ಮುಟ್ಟುವಂತಿರಲಿಲ್ಲ.

ಇಬ್ಬರ ಜಗಳ ನನಗೆ ಬೇಡ ಎಂದು ಬಾಗಿಲು ಹಾಕಿಕೊಂಡು ಕೂರಬಹುದು. ಇಬ್ಬರಿಗೂ ಬೇಕಾದ ಬಾವಿ ನಮ್ಮ ಹಿತ್ತಲಲ್ಲೇ ಇದ್ದರೆ? ನಾರ್ವೆಯ ಸಮಸ್ಯೆ ಅದು. ಅದರ ತಟಸ್ಥತೆ ಒಬ್ಬನಿಗೆ ಲಾಭ, ಇನ್ನೊಬ್ಬನಿಗೆ ನಷ್ಟ. ಯುದ್ಧ ಶುರುವಾದ ತಿಂಗಳಲ್ಲೇ, ಅಂದರೆ 1939ರ ಸೆಪ್ಟೆಂಬರಿನಲ್ಲೇ, ಬ್ರಿಟನ್‌ನ ನೌಕಾ ಸಚಿವರಾಗಿದ್ದ ವಿನ್‌ಸ್ಟನ್ ಚರ್ಚಿಲ್ ನಾರ್ವೆಯ ನೀರಿನಲ್ಲಿ ಮೈನ್ (ಹಡಗು ಬಂದರೆ ಸಿಡಿಯುವ ಸ್ಫೋಟಕ) ಹಾಕಿ ಅದಿರಿನ ದಾರಿ ಮುಚ್ಚಬೇಕು ಎಂದು ಪಟ್ಟು ಹಿಡಿದಿದ್ದರು. ಅತ್ತ ಜರ್ಮನಿಯ ನೌಕಾಪಡೆಯ ಮುಖ್ಯಸ್ಥ ಎರಿಕ್ ರೇಡರ್, ಬ್ರಿಟಿಷರಿಗಿಂತ ಮೊದಲು ನಾವೇ ನಾರ್ವೆಗೆ ಹೋಗಬೇಕು ಎಂದು ಹಿಟ್ಲರ್ ಕಿವಿಗೆ ಹಾಕುತ್ತಿದ್ದರು. ರೇಡರ್‌ಗೆ ಅದಿರಿನ ಜೊತೆ ಅಟ್ಲಾಂಟಿಕ್ ಕಡೆಗೆ ಬಾಯಿ ತೆರೆದ ನೌಕಾನೆಲೆಗಳೂ ಬೇಕಿದ್ದವು.

1939ರ ನವೆಂಬರ್ 30ರಂದು ಸೋವಿಯತ್ ಒಕ್ಕೂಟ ಫಿನ್ಲೆಂಡ್ ಮೇಲೆ ದಾಳಿ ಮಾಡಿತು. ಬ್ರಿಟನ್, ಫ್ರಾನ್ಸ್‌ಗೆ ಒಂದು ನೆಪ ಸಿಕ್ಕಿತು. ಫಿನ್ಲೆಂಡಿಗೆ ನೆರವು ಕಳಿಸುತ್ತೇವೆ, ದಾರಿ ನಾರ್ವಿಕ್ ಮೇಲಿಂದ ಎಂದರು. ಹೋಗುವ ದಾರಿಯಲ್ಲೇ ಅದಿರಿನ ಗಣಿಗಳು ಸಿಗುತ್ತವೆ ಎಂಬುದು ಎಲ್ಲರಿಗೂ ಗೊತ್ತಿದ್ದ ಗುಟ್ಟು. ನಾರ್ವೆ, ಸ್ವೀಡನ್ ಎರಡೂ ಒಪ್ಪಲಿಲ್ಲ. ಮಾರ್ಚ್‌ನಲ್ಲಿ ಫಿನ್ಲೆಂಡ್ ಸಂಧಿ ಮಾಡಿಕೊಂಡ ಮೇಲೆ ಆ ಯೋಜನೆ ಬಿದ್ದುಹೋಯಿತು.

ಕಾನೂನು ಏನು ಹೇಳುತ್ತಿತ್ತು?

ತಟಸ್ಥತೆ ಅಂದರೆ ಸುಮ್ನೆ ಕೂರುವುದಲ್ಲ. 1907ರ ಹೇಗ್ ಒಪ್ಪಂದಗಳಲ್ಲಿ ಅದಕ್ಕೆ ನಿಯಮಗಳಿದ್ದವು. ತಟಸ್ಥ ದೇಶದ ನೆಲವನ್ನು ಯಾರೂ ಮುಟ್ಟಬಾರದು. ಅದೇ ರೀತಿ ಆ ದೇಶವೂ ಒಬ್ಬರ ಸೇನೆಗೆ ತನ್ನ ನೆಲದ ಮೇಲೆ ದಾರಿ ಕೊಡಬಾರದು. ಯಾರಾದರೂ ನುಗ್ಗಿದರೆ ಬಲ ಬಳಸಿ ತಡೆಯಬಹುದು, ಅದು ಯುದ್ಧದಲ್ಲಿ ಪಾಲ್ಗೊಂಡಂತೆ ಅಲ್ಲ. ಅಂದರೆ ತಟಸ್ಥ ದೇಶಕ್ಕೆ ಹಕ್ಕಿನ ಜೊತೆ ಒಂದು ಕೆಲಸವನ್ನೂ ಹೊರಿಸಿದ್ದರು: ತನ್ನ ಗಡಿಯನ್ನು ತಾನೇ ಕಾಯುವುದು. ಕಾಯಲಾಗದಿದ್ದರೆ ಎದುರಾಳಿಗಳಿಬ್ಬರೂ "ನೀನು ಅವನಿಗೆ ಸಹಾಯ ಮಾಡುತ್ತಿದ್ದೀಯ" ಎನ್ನಬಹುದು.

1940ರ ಫೆಬ್ರುವರಿ 16ರಂದು ಆದದ್ದೇ ಅದು. ಆಲ್ಟ್‌ಮಾರ್ಕ್ ಎಂಬ ಜರ್ಮನ್ ಸರಬರಾಜು ಹಡಗು ನಾರ್ವೆಯ ಕರಾವಳಿಗುಂಟ ಊರಿಗೆ ಮರಳುತ್ತಿತ್ತು. ಅದರ ಹೊಟ್ಟೆಯಲ್ಲಿ ಬ್ರಿಟಿಷ್ ಹಡಗುಗಳಿಂದ ಹಿಡಿದ ಸುಮಾರು 300 ಸೆರೆಯಾಳುಗಳಿದ್ದರು. ನಾರ್ವೆಯವರು ಹಡಗು ಹತ್ತಿ ವಿಚಾರಿಸಿದರು, ಸರಿಯಾಗಿ ಹುಡುಕದೆ ಬಿಟ್ಟರು. ಆ ರಾತ್ರಿ ಬ್ರಿಟನ್‌ನ ಕೊಸಾಕ್ ಯುದ್ಧನೌಕೆ ಯೋಸಿಂಗ್ ಫಿಯೋರ್ಡಿನೊಳಕ್ಕೆ, ಅಂದರೆ ನೆಲದ ಒಳಕ್ಕೆ ಚಾಚಿಕೊಂಡ ಆ ಇಕ್ಕಟ್ಟಾದ ಕಡಲಿನೊಳಕ್ಕೆ ನುಗ್ಗಿ ಸೆರೆಯಾಳುಗಳನ್ನು ಬಿಡಿಸಿಕೊಂಡು ಹೋಯಿತು. ಅಲ್ಲೇ ಇದ್ದ ನಾರ್ವೆಯ ಪುಟ್ಟ ನೌಕೆಗಳು ಪ್ರತಿಭಟಿಸಿದವು, ಗುಂಡು ಹಾರಿಸಲಿಲ್ಲ.

ಇಬ್ಬರೂ ನಾರ್ವೆಯ ಮೇಲೆ ಸಿಟ್ಟಾದರು. ಬ್ರಿಟನ್ "ಸೆರೆಯಾಳುಗಳನ್ನು ಸಾಗಿಸಲು ಬಿಟ್ಟಿರಿ" ಎಂದಿತು. ಹಿಟ್ಲರ್ ಇದರಿಂದ ಕಲಿತ ಪಾಠ ಬೇರೆ: ನಾರ್ವೆ ಬ್ರಿಟಿಷರನ್ನು ತಡೆಯುವುದಿಲ್ಲ. ಐದೇ ದಿನದಲ್ಲಿ ಜನರಲ್ ನಿಕೊಲಾಸ್ ಫಾನ್ ಫಾಲ್ಕನ್‌ಹೋರ್ಸ್ಟ್ ಅವರನ್ನು ಕರೆಸಿ, ನಾರ್ವೆಯನ್ನು ಹಿಡಿಯುವ ಯೋಜನೆ ಮಾಡಲು ಹೇಳಿದ. ಈ ಜನರಲ್‌ಗೆ ನಾರ್ವೆಯ ಬಗ್ಗೆ ಏನೂ ಗೊತ್ತಿರಲಿಲ್ಲ. ಪೇಟೆಗೆ ಹೋಗಿ ಪ್ರವಾಸಿಗರ ಕೈಪಿಡಿಯೊಂದನ್ನು ಕೊಂಡು, ಹೋಟೆಲ್ ಕೋಣೆಯಲ್ಲಿ ಕೂತು ಬಂದರುಗಳನ್ನು ಗುರುತು ಹಾಕಿಕೊಂಡೆ ಎಂದು ಆತನೇ ಆಮೇಲೆ ಹೇಳಿಕೊಂಡಿದ್ದಾನೆ.

ನೋಡಿದ್ದು ಬೇರೆ ಬಾಗಿಲು

ನನಗೆ ಈ ಕಥೆಯಲ್ಲಿ ಎಲ್ಲಕ್ಕಿಂತ ಮುಖ್ಯ ಅನಿಸುವ ದಿನ ಏಪ್ರಿಲ್ 9 ಅಲ್ಲ, ಅದರ ಹಿಂದಿನ ದಿನ.

ಏಪ್ರಿಲ್ 8ರ ಬೆಳಗ್ಗೆ ಬ್ರಿಟನ್ ನಾರ್ವೆಗೆ ಒಂದು ಪತ್ರ ಕೊಟ್ಟಿತು. ನಾರ್ವಿಕ್‌ಗೆ ಹೋಗುವ ಕಡಲದಾರಿಯಲ್ಲಿ ಮೈನ್ ಹಾಕಿದ್ದೇವೆ ಎಂದಿತು. ಚರ್ಚಿಲ್ ಹಟ ಕೊನೆಗೂ ಗೆದ್ದಿತ್ತು. ಓಸ್ಲೋದಲ್ಲಿ ಗದ್ದಲವೆದ್ದಿತು. ಸಚಿವ ಸಂಪುಟ, ಸಂಸತ್ತು, ವಿದೇಶಾಂಗ ಸಚಿವ ಹಾಲ್ವದಾನ್ ಕೋಹ್ಟ್, ಎಲ್ಲರೂ ಇಡೀ ದಿನ ಚರ್ಚಿಸಿದ್ದು ಒಂದೇ ವಿಷಯ: ಬ್ರಿಟಿಷರ ಈ ಅಪರಾಧಕ್ಕೆ ಏನು ಉತ್ತರ ಕೊಡುವುದು?

ಅದೇ ದಿನ ಮಧ್ಯಾಹ್ನ ದಕ್ಷಿಣ ಕರಾವಳಿಯ ಲಿಲ್ಲೆಸಾಂಡ್ ಎದುರಿನ ಕಡಲಲ್ಲಿ ಪೋಲೆಂಡಿನ ಒರ್ಜೆವ್ ಜಲಾಂತರ್ಗಾಮಿ ಒಂದು ಜರ್ಮನ್ ಹಡಗನ್ನು ಮುಳುಗಿಸಿತು. ಹೆಸರು ರಿಯೊ ಡಿ ಜನೈರೊ, ನೋಡಲು ಸಾಮಾನು ಹಡಗು. ಮೀನುಗಾರರು ನೀರಿನಿಂದ ಎತ್ತಿದವರಲ್ಲಿ ಸಮವಸ್ತ್ರ ತೊಟ್ಟ ಸೈನಿಕರಿದ್ದರು. "ನಾರ್ವೆಯನ್ನು ಕಾಪಾಡಲು ಬರ್ಗೆನ್‌ಗೆ ಹೋಗುತ್ತಿದ್ದೆವು" ಎಂದು ಅವರೇ ಬಾಯಿಬಿಟ್ಟರು. ಸುದ್ದಿ ಓಸ್ಲೋಗೆ ಮುಟ್ಟಿತು. ಬರ್ಲಿನ್‌ನಲ್ಲಿದ್ದ ನಾರ್ವೆಯ ರಾಯಭಾರ ಕಚೇರಿಯಿಂದಲೂ ಎಚ್ಚರಿಕೆ ಬಂದಿತ್ತು. ಜರ್ಮನ್ ಗುಪ್ತಚರ ವಿಭಾಗದೊಳಗಿನ ಹಿಟ್ಲರ್ ವಿರೋಧಿ ಹಾನ್ಸ್ ಓಸ್ಟರ್, ಡಚ್ ಸೇನಾ ಪ್ರತಿನಿಧಿಯ ಮೂಲಕ ದಾಳಿಯ ಮಾತನ್ನು ಹೊರಗೆ ಬಿಟ್ಟಿದ್ದರು.

ಹಾಗಾದರೆ ಇದು ಅನಿರೀಕ್ಷಿತ ದಾಳಿ ಹೇಗಾಯಿತು? ಮಾಹಿತಿಗೆ ಕೊರತೆ ಇರಲಿಲ್ಲ. ಆದರೆ ನಾರ್ವೆಯ ತಲೆಯಲ್ಲಿ ಒಂದು ಲೆಕ್ಕ ಗಟ್ಟಿಯಾಗಿ ಕೂತಿತ್ತು: ಉತ್ತರ ಸಮುದ್ರ ಬ್ರಿಟಿಷ್ ನೌಕಾಪಡೆಯದ್ದು, ಅದರ ಕಣ್ಣು ತಪ್ಪಿಸಿ ಜರ್ಮನಿ ಕಡಲು ದಾಟಿ ಬರಲು ಸಾಧ್ಯವೇ ಇಲ್ಲ, ಅಪಾಯವೇನಾದರೂ ಇದ್ದರೆ ಬ್ರಿಟಿಷರಿಂದಲೇ. ಈ ಲೆಕ್ಕಕ್ಕೆ ಹೊಂದದ ಸುದ್ದಿ ಬಂದಾಗ ಲೆಕ್ಕ ಬದಲಾಗಲಿಲ್ಲ, ಸುದ್ದಿಯನ್ನೇ ಪಕ್ಕಕ್ಕಿಟ್ಟರು.

ಬ್ರಿಟಿಷರೇನೂ ಇದಕ್ಕಿಂತ ಜಾಣರಾಗಿರಲಿಲ್ಲ. ಪ್ರಧಾನಿ ನೆವಿಲ್ ಚೇಂಬರ್ಲಿನ್ ಏಪ್ರಿಲ್ 4ರಂದು, ಹಿಟ್ಲರ್‌ಗೆ ಬಸ್ ತಪ್ಪಿಹೋಯಿತು, ಅಂದರೆ ಅವಕಾಶ ಕೈಜಾರಿತು ಎಂದು ಭಾಷಣ ಮಾಡಿದ್ದರು. ಏಪ್ರಿಲ್ 7ರಂದು ಬ್ರಿಟಿಷ್ ವಿಮಾನಗಳು ಜರ್ಮನ್ ಯುದ್ಧನೌಕೆಗಳು ಉತ್ತರಕ್ಕೆ ಹೋಗುವುದನ್ನು ಕಣ್ಣಾರೆ ಕಂಡವು. ಅವು ಅಟ್ಲಾಂಟಿಕ್‌ಗೆ ನುಗ್ಗಲು ಹೊರಟಿವೆ ಎಂದುಕೊಂಡ ನೌಕಾಪಡೆ, ನಾರ್ವೆಗೆ ಹೋಗಲು ಹಡಗು ಹತ್ತಿ ಕೂತಿದ್ದ ತನ್ನದೇ ಸೈನಿಕರನ್ನು ಕೆಳಗಿಳಿಸಿ ಸಮುದ್ರ ಕಾಳಗಕ್ಕೆ ಹೊರಟಿತು.

ಇನ್ನೊಂದು ವಿಷಯ ಇಲ್ಲೇ ಹೇಳಿಬಿಡಬೇಕು. ಬ್ರಿಟನ್ ಮೈನ್ ಹಾಕಿದ್ದಕ್ಕೆ ಜರ್ಮನಿ ದಾಳಿ ಮಾಡಿತು ಎಂದು ಈಗಲೂ ಕೆಲವರು ವಾದಿಸುತ್ತಾರೆ. ತಾರೀಖು ನೋಡಿದರೆ ಆ ವಾದ ನಿಲ್ಲುವುದಿಲ್ಲ. ಕಲ್ಲಿದ್ದಲು ಹಡಗಿನ ವೇಷದ ಮೊದಲ ಜರ್ಮನ್ ಹಡಗುಗಳು ಏಪ್ರಿಲ್ 3ರಂದೇ ಹೊರಟಿದ್ದವು. ಹಿಟ್ಲರ್‌ನ ಆದೇಶ ಮಾರ್ಚ್ 1ರದ್ದು. ಯುದ್ಧ ಮುಗಿದ ಮೇಲೆ ನಾಜಿ ನಾಯಕರನ್ನು ವಿಚಾರಣೆ ಮಾಡಿದ ನ್ಯೂರೆಂಬರ್ಗ್ ನ್ಯಾಯಾಲಯವೂ ಈ "ಮುನ್ನೆಚ್ಚರಿಕೆಯ ದಾಳಿ" ಎಂಬ ಸಮರ್ಥನೆಯನ್ನು ಒಪ್ಪಲಿಲ್ಲ. ರೇಡರ್‌ಗೆ ಜೀವಾವಧಿ ಶಿಕ್ಷೆಯಾಯಿತು.

ಹಳೇ ತೋಪು, ಹೊಸ ಹಡಗು

ಬ್ಲೂಷರ್ ಜರ್ಮನಿಯ ಹೊಚ್ಚ ಹೊಸ ಭಾರೀ ಯುದ್ಧನೌಕೆ. ಓಸ್ಲೋವನ್ನು ಹಿಡಿದು, ರಾಜ ಮತ್ತು ಸರ್ಕಾರವನ್ನು ಹಾಸಿಗೆಯಲ್ಲೇ ಸೆರೆ ಹಾಕುವುದು ಅದರ ಕೆಲಸ. ರಾಜಧಾನಿಗೆ ಹೋಗುವ ಓಸ್ಲೋ ಫಿಯೋರ್ಡ್ ಒಂದು ಕಡೆ ತೀರಾ ಕಿರಿದಾಗುತ್ತದೆ. ಅಲ್ಲಿ ಆಸ್ಕರ್ಸ್‌ಬೋರ್ಗ್ ಕೋಟೆ. ಅದರ ದೊಡ್ಡ ತೋಪುಗಳು 19ನೇ ಶತಮಾನದವು. ತಮಾಷೆ ಎಂದರೆ ಅವು ಜರ್ಮನಿಯ ಕ್ರುಪ್ ಕಂಪನಿಯಲ್ಲೇ ತಯಾರಾದವು. ನೀರಿನೊಳಗೆ ಸಾಗಿ ಹಡಗಿಗೆ ಬಡಿಯುವ ಟಾರ್ಪೆಡೊಗಳಿಗೂ ನಲವತ್ತು ವರ್ಷ ವಯಸ್ಸಾಗಿತ್ತು. ಕೋಟೆಯಲ್ಲಿದ್ದವರಲ್ಲಿ ಹೊಸದಾಗಿ ಸೇರಿದ ಹುಡುಗರೇ ಜಾಸ್ತಿ.

ಕೋಟೆಯ ಅಧಿಕಾರಿ ಕರ್ನಲ್ ಬಿರ್ಗರ್ ಎರಿಕ್ಸೆನ್ ಅವರಿಗೆ ಎದುರು ಬರುತ್ತಿರುವ ಹಡಗು ಯಾರದ್ದು ಎಂದೇ ಖಚಿತವಾಗಿರಲಿಲ್ಲ. ತಟಸ್ಥ ದೇಶದ ಅಧಿಕಾರಿ, ಮೇಲಿನಿಂದ ಸ್ಪಷ್ಟ ಆದೇಶವಿಲ್ಲ. ಹಡಗು ಬ್ರಿಟಿಷರದ್ದಾಗಿದ್ದರೆ? ಒಂದೋ ನನಗೆ ಪದಕ ಸಿಗುತ್ತದೆ, ಇಲ್ಲವೇ ಕೋರ್ಟ್ ಮಾರ್ಷಲ್ ಆಗುತ್ತದೆ ಎಂದು ಹೇಳಿ ಗುಂಡು ಹಾರಿಸಲು ಹೇಳಿದರು. ಎರಡು ಗುಂಡು ತಾಗಿದವು, ಟಾರ್ಪೆಡೊಗಳು ಉಳಿದದ್ದನ್ನು ಮುಗಿಸಿದವು. ಬೆಳಗಾಗುವಷ್ಟರಲ್ಲಿ ನೂರಾರು ಜನರ ಸಮೇತ ಬ್ಲೂಷರ್ ಮುಳುಗಿತು.

ಓಸ್ಲೋಗೆ ಸಿಕ್ಕಿದ್ದು ಕೆಲವೇ ಗಂಟೆಗಳು, ಆದರೆ ಅಷ್ಟು ಸಾಕಾಯಿತು. ನಸುಕಿನಲ್ಲಿ ಜರ್ಮನ್ ರಾಯಭಾರಿ ಕುರ್ಟ್ ಬ್ರಾಯರ್ ಶರಣಾಗತಿಯ ಪತ್ರ ಹಿಡಿದು ಬಂದಾಗ ಕೋಹ್ಟ್ ಕೊಟ್ಟ ಉತ್ತರ: ನಾವು ಇಷ್ಟಪಟ್ಟು ಶರಣಾಗುವುದಿಲ್ಲ, ಹೋರಾಟ ಆಗಲೇ ಶುರುವಾಗಿದೆ. ರಾಜ ಏಳನೇ ಹೋಕನ್, ಸಚಿವರು, ಸಂಸದರು ಬೆಳಗಿನ ರೈಲು ಹತ್ತಿ ಉತ್ತರಕ್ಕೆ ಹೋದರು. ಕೇಂದ್ರ ಬ್ಯಾಂಕಿನ ಸುಮಾರು 50 ಟನ್ ಚಿನ್ನವನ್ನು ಲಾರಿಗಳಿಗೆ ಹೇರಿದರು. ಮುಂದೆ ಅದು ಬ್ರಿಟಿಷ್ ಹಡಗುಗಳಲ್ಲಿ ದೇಶ ದಾಟಿತು.

ಸರ್ಕಾರದ ಗೊಂದಲ ಮಾತ್ರ ನಿಂತಿರಲಿಲ್ಲ. ರಾತ್ರಿ ಮೀಸಲು ಸೈನಿಕರನ್ನು ಕರೆಸಲು ತೀರ್ಮಾನಿಸಿದವರು, ಗದ್ದಲ ಬೇಡವೆಂದು ಅಂಚೆಯಲ್ಲಿ ಪತ್ರ ಹಾಕಲು ಹೇಳಿದ್ದರು! ಸೈನಿಕರು ಬರಬೇಕಾದ ದಿನ ಏಪ್ರಿಲ್ 11. ಜರ್ಮನ್ನರು ಓಸ್ಲೋಗೆ ಬಂದದ್ದು 9ರ ಮಧ್ಯಾಹ್ನ. ಇಡೀ ನಾರ್ವೆ ಸೇನೆಯ ಬಳಿ ಇದ್ದ ಟ್ಯಾಂಕ್ ಒಂದೇ ಒಂದು.

ಆ ಸಂಜೆ ನಾರ್ವೆಯ ನಾಜಿಪರ ರಾಜಕಾರಣಿ ವಿಡ್ಕುನ್ ಕ್ವಿಸ್ಲಿಂಗ್ ರೇಡಿಯೊದಲ್ಲಿ ತಾನೇ ಪ್ರಧಾನಿ ಎಂದು ಘೋಷಿಸಿಕೊಂಡ. ಸಂಸತ್ತಿನಲ್ಲಿ ಆತನ ಪಕ್ಷಕ್ಕೆ ಒಂದು ಸೀಟೂ ಇರಲಿಲ್ಲ. ಆತನನ್ನು ಒಪ್ಪಿದರೆ ಜಗಳ ಮುಗಿಯುತ್ತದೆ ಎಂದು ಜರ್ಮನ್ನರು ರಾಜನಿಗೆ ಹೇಳಿಕಳಿಸಿದರು. ನೀವು ಬೇಕಾದರೆ ಒಪ್ಪಿಕೊಳ್ಳಿ, ನಾನು ಮಾತ್ರ ಆತನನ್ನು ನೇಮಿಸುವುದಿಲ್ಲ, ಸಿಂಹಾಸನ ಬಿಡುತ್ತೇನೆ ಎಂದು ಹೋಕನ್ ಸಚಿವರಿಗೆ ಹೇಳಿದ. ಸಚಿವರು ರಾಜನ ಜೊತೆ ನಿಂತರು. ಮರುದಿನ ಅವರು ತಂಗಿದ್ದ ಹಳ್ಳಿಯ ಮೇಲೆ ಜರ್ಮನ್ ವಿಮಾನಗಳು ಬಾಂಬು ಹಾಕಿದವು.

ಅದೇ ಬೆಳಗ್ಗೆ ದಾಳಿಗೊಳಗಾದ ಡೆನ್ಮಾರ್ಕ್ ಕೆಲವೇ ಗಂಟೆಗಳಲ್ಲಿ ಶರಣಾಗಿತ್ತು. ನಾರ್ವೆ ಜೂನ್ 10ರವರೆಗೆ, ಸುಮಾರು ಎರಡು ತಿಂಗಳು ಹೋರಾಡಿತು. ರಾಜ ಜೂನ್ 7ರಂದು ಲಂಡನ್ನಿಗೆ ಹೊರಟ.

ಲಾಭ ನಷ್ಟ

ಜರ್ಮನಿ ಗೆದ್ದಿತು. ಆದರೆ ನಾರ್ವಿಕ್‌ಗೆ ಹೋದ ಅದರ ಹತ್ತಕ್ಕೆ ಹತ್ತು ಡೆಸ್ಟ್ರಾಯರ್ ನೌಕೆಗಳೂ ಮರಳಲಿಲ್ಲ. ಬ್ಲೂಷರ್ ಜೊತೆ ಕಾರ್ಲ್ಸ್‌ರೂ, ಕೋನಿಗ್ಸ್‌ಬರ್ಗ್ ಎಂಬ ಯುದ್ಧನೌಕೆಗಳೂ ಹೋದವು. ಅದಿರಿನ ಕಥೆ ಕೇಳಿ. ಜೂನ್‌ನಲ್ಲಿ ಫ್ರಾನ್ಸ್ ಬಿತ್ತು, ಲೊರೇನ್ ಪ್ರಾಂತ್ಯದ ಅದಿರೆಲ್ಲ ಜರ್ಮನಿಯ ಕೈಗೆ ಬಂತು. ನಾರ್ವಿಕ್‌ನ ಬೆಲೆ ಅಲ್ಲಿಗೇ ಇಳಿಯಿತು. ಆದರೆ ಕಾವಲಿಗೆ ನಿಂತ ಸೈನಿಕರನ್ನು ತೆಗೆಯುವಂತಿರಲಿಲ್ಲ. 1945ರಲ್ಲಿ ಶರಣಾದಾಗ ನಾರ್ವೆಯಲ್ಲಿ 3 ಲಕ್ಷಕ್ಕೂ ಜಾಸ್ತಿ ಜರ್ಮನ್ ಸೈನಿಕರಿದ್ದರು. ನಾರ್ವೆಯ ಆಗಿನ ಜನಸಂಖ್ಯೆ 30 ಲಕ್ಷದ ಆಸುಪಾಸು.

ಬ್ರಿಟನ್ ಕಳೆದುಕೊಂಡದ್ದು ಪ್ರಧಾನಿಯನ್ನು (ಚೇಂಬರ್ಲಿನ್ ರಾಜೀನಾಮೆ ಕೊಡಬೇಕಾಯಿತು), ಪಡೆದದ್ದು ಹಡಗುಗಳನ್ನು. ನಾರ್ವೆಯ ವ್ಯಾಪಾರಿ ಹಡಗುಪಡೆ ಪ್ರಪಂಚದಲ್ಲೇ ನಾಲ್ಕನೇ ದೊಡ್ಡದು. ದಾಳಿಯ ಹೊತ್ತಿಗೆ ಬೇರೆ ಬೇರೆ ಕಡಲುಗಳಲ್ಲಿದ್ದ ಸುಮಾರು 1,000 ಹಡಗುಗಳನ್ನು ಲಂಡನ್ನಿನ ನಾರ್ವೆ ಸರ್ಕಾರ ತನ್ನ ಹಿಡಿತಕ್ಕೆ ತೆಗೆದುಕೊಂಡು ಮಿತ್ರಪಡೆಗಳ ಕೆಲಸಕ್ಕೆ ಹಚ್ಚಿತು. ಯುದ್ಧದಲ್ಲಿ ಬ್ರಿಟನ್ನಿಗೆ ಬಂದ ತೈಲದ ದೊಡ್ಡ ಪಾಲು ಈ ಟ್ಯಾಂಕರುಗಳಲ್ಲೇ ಬಂತು. ತಟಸ್ಥ ದೇಶವೊಂದನ್ನು ಸುಮ್ನೆ ಬಿಟ್ಟಿದ್ದರೆ ಇಷ್ಟೂ ಹಡಗು ಎದುರಾಳಿಯ ಪಾಲಾಗುತ್ತಿರಲಿಲ್ಲ ಎಂಬ ಲೆಕ್ಕ ಬರ್ಲಿನ್‌ನಲ್ಲಿ ಯಾರೂ ಹಾಕಿದಂತಿಲ್ಲ.

ಇಷ್ಟು ಹೇಳಿ ಜರ್ಮನಿಯೊಂದನ್ನೇ ಕಟಕಟೆಯಲ್ಲಿ ನಿಲ್ಲಿಸಿದರೆ ಅರ್ಧ ಸತ್ಯವಾಗುತ್ತದೆ. 1940ರ ಮೇ 10ರಂದು ಜರ್ಮನಿ ಬೆಲ್ಜಿಯಂ, ಹಾಲೆಂಡ್, ಲಕ್ಸೆಂಬರ್ಗ್ ಎಂಬ ಮೂರು ತಟಸ್ಥ ದೇಶಗಳ ಮೇಲೆ ಬಿತ್ತು. ಅದೇ ದಿನ ಬ್ರಿಟಿಷ್ ಸೈನಿಕರು ತಟಸ್ಥ ಐಸ್‌ಲ್ಯಾಂಡಿನಲ್ಲಿ ಇಳಿದರು. 1941ರ ಆಗಸ್ಟ್ 25ರಂದು ಬ್ರಿಟನ್ ಮತ್ತು ಸೋವಿಯತ್ ಒಕ್ಕೂಟ ಸೇರಿ ತಟಸ್ಥ ಇರಾನಿಗೆ ನುಗ್ಗಿದವು. ಅಬಾದಾನ್ ತೈಲ ಶುದ್ಧೀಕರಣ ಕೇಂದ್ರವನ್ನು ಹಿಡಿಯಲು ಹೋದದ್ದು ಭಾರತೀಯ ಪಡೆಗಳು. ಈ ಯುದ್ಧ ಬೇಕೇ ಎಂದು ಆ ಸೈನಿಕರ ದೇಶವನ್ನು ಯಾರೂ ಕೇಳಿರಲಿಲ್ಲ. 1939ರ ಸೆಪ್ಟೆಂಬರ್ 3ರಂದು ವೈಸರಾಯ್ ಲಿನ್ಲಿತ್‌ಗೋ ಒಬ್ಬರೇ ಭಾರತವನ್ನು ಯುದ್ಧಕ್ಕೆ ಸೇರಿಸಿದ್ದರು. ನಾಜಿಗಳ ಆಳ್ವಿಕೆಯನ್ನೂ ಐಸ್‌ಲ್ಯಾಂಡಿನ ಬ್ರಿಟಿಷ್ ಠಾಣೆಯನ್ನೂ ಒಂದೇ ತಕ್ಕಡಿಗೆ ಹಾಕಲಾಗದು, ನಿಜ. ಆದರೆ ಬೇಕಾದ ಜಾಗ ಸಿಕ್ಕಾಗ ತಟಸ್ಥತೆಯ ಗೆರೆಯನ್ನು ಎರಡೂ ಕಡೆಯವರು ದಾಟಿದರು.

ಹಾಗಾದರೆ ಸ್ವೀಡನ್ ಹೇಗೆ ಉಳಿಯಿತು?

ಅದಿರು ಇದ್ದದ್ದು ಸ್ವೀಡನ್‌ನಲ್ಲಿ, ಹೊಡೆತ ಬಿದ್ದದ್ದು ನಾರ್ವೆಗೆ. ಸ್ವೀಡನ್ ಉಳಿದದ್ದು ಕೊಟ್ಟದ್ದರಿಂದ. ಅದಿರು ಕೊಟ್ಟಿತು. 1943ರ ಆಗಸ್ಟ್‌ವರೆಗೆ ರಜೆಗೆ ಹೋಗಿಬರುವ ಜರ್ಮನ್ ಸೈನಿಕರಿಗೆ ತನ್ನ ರೈಲುಗಳನ್ನು ಕೊಟ್ಟಿತು. 1941ರಲ್ಲಿ ಜರ್ಮನ್ ಸೇನೆಯ ಒಂದು ಇಡೀ ಡಿವಿಷನ್, ಅಂದರೆ ಸಾವಿರಾರು ಸೈನಿಕರ ಪಡೆ, ಸ್ವೀಡನ್ ಮೂಲಕ ಫಿನ್ಲೆಂಡಿಗೆ ಹೋಯಿತು. ಹೇಗ್ ನಿಯಮ ಇದನ್ನು ಒಪ್ಪುವುದಿಲ್ಲ. ಇನ್ನೊಂದು ಕಡೆ 1943ರಲ್ಲಿ ಡೆನ್ಮಾರ್ಕಿನಿಂದ ತಪ್ಪಿಸಿಕೊಂಡ ಸುಮಾರು 7,000 ಯೆಹೂದ್ಯರಿಗೆ ಜೀವ ಉಳಿಸಿಕೊಳ್ಳಲು ಸಿಕ್ಕ ಜಾಗವೂ ಇದೇ ತಟಸ್ಥ ಸ್ವೀಡನ್.

ತಟಸ್ಥರು ಯಾರಾದರೂ ಉಳಿದಿರಬೇಕಾಗುತ್ತದೆ ಕೂಡ. 1953ರಲ್ಲಿ ಕೊರಿಯಾದ ಯುದ್ಧಕೈದಿಗಳ ವಿಷಯ ಬಗೆಹರಿಸಲು ಮಾಡಿದ ತಟಸ್ಥ ದೇಶಗಳ ಆಯೋಗದಲ್ಲಿ ಸ್ವೀಡನ್, ಸ್ವಿಟ್ಜರ್ಲೆಂಡ್ ಇದ್ದವು. ಅದರ ಅಧ್ಯಕ್ಷರು ನಮ್ಮ ಕೊಡಗಿನ ಜನರಲ್ ತಿಮ್ಮಯ್ಯ.

ನಾರ್ವೆ ಮಾತ್ರ ಇನ್ನೊಮ್ಮೆ ಆ ಪ್ರಯೋಗಕ್ಕೆ ಇಳಿಯಲಿಲ್ಲ. 1949ರಲ್ಲಿ ನೇಟೋ ಹುಟ್ಟಿದಾಗಲೇ ಸೇರಿತು. ಸ್ವೀಡನ್, ಫಿನ್ಲೆಂಡ್ ದಶಕಗಳ ಕಾಲ ಹೊರಗುಳಿದವು. 2022ರ ಫೆಬ್ರುವರಿಯಲ್ಲಿ ರಷ್ಯಾ ಉಕ್ರೇನ್‌ಗೆ ನುಗ್ಗಿದ ಮೇಲೆ ಅವೂ ಮನಸ್ಸು ಬದಲಿಸಿದವು. ಫಿನ್ಲೆಂಡ್ 2023ರ ಏಪ್ರಿಲ್‌ನಲ್ಲಿ, ಸ್ವೀಡನ್ 2024ರ ಮಾರ್ಚ್‌ನಲ್ಲಿ ನೇಟೋ ಸೇರಿದವು.

ಈಗ ಉಕ್ರೇನ್ ವಿಷಯಕ್ಕೆ ಬರೋಣ. ತಟಸ್ಥತೆ ಅದಕ್ಕೆ ಹೊಸ ಔಷಧಿಯಲ್ಲ. 2010ರಲ್ಲಿ ಯಾವ ಸೇನಾ ಕೂಟಕ್ಕೂ ಸೇರುವುದಿಲ್ಲ ಎಂದು ಉಕ್ರೇನ್ ಕಾನೂನನ್ನೇ ಮಾಡಿತ್ತು. ಕ್ರಿಮಿಯಾದ ಸೆವಾಸ್ಟೊಪೋಲ್‌ನಲ್ಲಿ ರಷ್ಯಾದ ನೌಕಾನೆಲೆ 2042ರವರೆಗೆ ಇರಲೂ ಅದೇ ವರ್ಷ ಒಪ್ಪಿತ್ತು. 2014ರಲ್ಲಿ ರಷ್ಯಾ ಕ್ರಿಮಿಯಾವನ್ನು ಕಿತ್ತುಕೊಂಡಾಗ ಆ ಕಾನೂನು ಜಾರಿಯಲ್ಲೇ ಇತ್ತು. ಉಕ್ರೇನ್ ಅದನ್ನು ರದ್ದು ಮಾಡಿದ್ದು ಆ ವರ್ಷದ ಡಿಸೆಂಬರ್‌ನಲ್ಲಿ, ಅಂದರೆ ಹೊಡೆತ ತಿಂದ ಮೇಲೆ.

2022ರ ಮಾರ್ಚ್‌ನಲ್ಲಿ ಇಸ್ತಾಂಬುಲ್ ಮಾತುಕತೆ ನಡೆದಾಗ ತಟಸ್ಥರಾಗಿರಲು ಉಕ್ರೇನ್ ತಾತ್ವಿಕವಾಗಿ ಒಪ್ಪಿತ್ತು. ಆ ಕರಡುಗಳ ಬಗ್ಗೆ ಆಮೇಲೆ ಹೊರಬಂದ ವರದಿಗಳನ್ನು ನೋಡಿದರೆ ಉಳಿದ ಜಗಳ ಎರಡು ವಿಷಯಕ್ಕೆ. ಒಂದು, ಸೇನೆಯ ಗಾತ್ರ. ಉಕ್ರೇನ್ ಎರಡೂವರೆ ಲಕ್ಷ ಸೈನಿಕರು ಬೇಕು ಎಂದಿತು. ರಷ್ಯಾ 85,000ಕ್ಕಿಂತ ಜಾಸ್ತಿ ಇರಬಾರದು ಎಂದಿತು. ಎರಡನೆಯದು, ಉಕ್ರೇನ್ ಮೇಲೆ ಮತ್ತೆ ದಾಳಿಯಾದರೆ ಅದರ ರಕ್ಷಣೆಗೆ ಖಾತರಿ ಕೊಡುವ ದೇಶಗಳು ಯಾವಾಗ ನೆರವಿಗೆ ಬರಬೇಕು ಎಂಬುದು. ಖಾತರಿದಾರರೆಲ್ಲ ಒಪ್ಪಿದರೆ ಮಾತ್ರ ಎಂಬ ಷರತ್ತು ರಷ್ಯಾದ್ದು. ಆ ಖಾತರಿದಾರರ ಪಟ್ಟಿಯಲ್ಲಿ ರಷ್ಯಾದ ಹೆಸರೂ ಇತ್ತು.